ಸ್ಟ್ಯಾಮ್‌ಫರ್ಡ್ ಬ್ರಿಡ್ಜಿನ ಪೆನ್ಷನರ್ ಮಹಾಶಯರಿಗೊಂದು ಬಹಿರಂಗ ಪತ್ರ

ಹಳ್ಳಿಮೈಸೂರು,
ಹೊಳೆನರಸೀಪುರ ತಾಲ್ಲೂಕು, ಹಾಸನ ಜಿಲ್ಲೆ

ಗೆ,
ಸ್ಟ್ಯಾಮ್‌ಫರ್ಡ್ ಬ್ರಿಡ್ಜ್ ಪೆನ್ಷನರ್ಸ್ ಮೋಟಾರ್ ಸೈಕಲ್ ತಂಡದ ಸಮಸ್ತ ಸವಾರರು,
ಹಿಂದಿನ ವಿಳಾಸ: ಚೆಲ್ಸಿ ಫುಟ್‌ಬಾಲ್ ಮೈದಾನ, ಲಂಡನ್
ಹಾಲಿ ವಾಸ: ದೇವರಿಗೇ ಗೊತ್ತು

ಮಾನ್ಯರೇ,

ನಾನು ಸರ್ಕಾರಿ ಶಾಲೆಯಿಂದ ನಿವೃತ್ತನಾದ ಮೇಷ್ಟ್ರು, ಪೆನ್ಷನ್‌ದಾರ. ತಾವು ಹೆಸರಿನಲ್ಲೇ ಪೆನ್ಷನರ್‌ಗಳು. ಆ ಸಲುಗೆಯಿಂದ ನೇರ ವಿಷಯಕ್ಕೆ ಬರುತ್ತೇನೆ, ಬೇಜಾರು ಮಾಡಿಕೊಳ್ಳಬಾರದು. ನಮ್ಮ ಕಡೆ ನವೆಂಬರ್ ಬಂತೆಂದರೆ ಪೆನ್ಷನ್‌ದಾರರೆಲ್ಲ ಬ್ಯಾಂಕಿನ ಮುಂದೆ ಸಾಲು ನಿಂತು, ತಾವಿನ್ನೂ ಬದುಕಿದ್ದೇವೆಂದು ಜೀವಂತ ಪ್ರಮಾಣ ಪತ್ರ ಕೊಡಬೇಕು. ಉಸಿರಾಡಿಕೊಂಡು ಎದುರಿಗೆ ನಿಂತರೆ ಸಾಲದು, ಬೆರಳಿನ ಗೆರೆಯನ್ನು ಮಿಷನ್ ಒಪ್ಪಬೇಕು. ಸೀಮೆಸುಣ್ಣ ಹಿಡಿದು ಹಿಡಿದು ಗೆರೆ ಸವೆದ ಬೆರಳಾದರೆ ಒದ್ದೆ ಬಟ್ಟೆಯಲ್ಲಿ ಒರೆಸಿ, ಊದಿ, ಇನ್ನೊಂದು ಸಲ ಒತ್ತಿ, ಅದೂ ಆಗದಿದ್ದರೆ ಎಡಗೈ ಹೆಬ್ಬೆಟ್ಟಿಗೆ ಬಂದು, ಅಂತೂ ಮಧ್ಯಾಹ್ನದ ಹೊತ್ತಿಗೆ ಬದುಕಿದ್ದೇವೆಂದು ಸಾಬೀತಾಗುತ್ತದೆ. ನಾವು ವರ್ಷ ವರ್ಷವೂ ಇಷ್ಟು ಪಾಡುಪಟ್ಟು ಬದುಕಿ ತೋರಿಸುತ್ತಿದ್ದರೆ, ತಾವು 1932ರಿಂದೀಚೆಗೆ ಒಂದು ಸಲವೂ ಹಾಜರಾಗಿಲ್ಲ. ನಾಲ್ಕೇ ನಾಲ್ಕು ಬೇಸಗೆ ಬೈಕು ಓಡಿಸಿ ಅಂತರ್ಧಾನವಾದವರಿಗೆ ಪೆನ್ಷನರ್ ಎಂಬ ಬಿರುದನ್ನು ಯಾವ ಖಜಾನೆ ಮಂಜೂರು ಮಾಡಿತು ಎಂಬುದು ನನ್ನ ಮೊದಲನೇ ಆಕ್ಷೇಪಣೆ.

ಹೆಸರು ನಿಮ್ಮ ಸ್ವಂತದ್ದೂ ಅಲ್ಲವಂತೆ. ಎರಡನೇ ಚಾರ್ಲ್ಸ್ ದೊರೆ 1682ರಲ್ಲಿ ಮುದಿ ಸಿಪಾಯಿಗಳಿಗೆಂದು ಚೆಲ್ಸಿಯಲ್ಲಿ ಒಂದು ಆಶ್ರಯಧಾಮ ಕಟ್ಟಿಸಲು ಹೊರಟ. ಕೆಂಪು ಕೋಟು ಹಾಕಿಕೊಂಡ ಆ ತಾತಂದಿರಿಗೆ ಇವತ್ತಿಗೂ ಚೆಲ್ಸಿ ಪೆನ್ಷನರ್ ಎನ್ನುತ್ತಾರೆ. ಅವರಿಂದ ಹೆಸರು ಪಕ್ಕದ ಫುಟ್‌ಬಾಲ್ ಕ್ಲಬ್ಬಿಗೆ ಬಂತು. ಕ್ಲಬ್ಬಿನ ಮೈದಾನಕ್ಕೆ ಬಾಡಿಗೆಗೆ ಬಂದ ನೀವು ಹೆಸರನ್ನೂ ಬಾಡಿಗೆಗೆ ತೆಗೆದುಕೊಂಡಿರಿ. 1952ರಲ್ಲಿ ಮ್ಯಾನೇಜರಾಗಿ ಬಂದ ಟೆಡ್ ಡ್ರೇಕ್ ಎಂಬಾತನಿಗೆ ಈ ಮುದುಕರ ಹೆಸರು ಹಿಡಿಸದೆ, ಫುಟ್‌ಬಾಲಿನವರು ಅದನ್ನು ಕಳಚಿ ಬಿಸಾಕಿ ‘ಬ್ಲೂಸ್’ ಆದರು. ನೀವು ಅಷ್ಟು ದಿನ ಇದ್ದಿದ್ದರೆ ನಿಮ್ಮನ್ನೂ ಏನೋ ಒಂದು ಮಾಡುತ್ತಿದ್ದರು.

ಇಷ್ಟಕ್ಕೂ ನಿಮ್ಮ ಗೊಡವೆ ನನಗೇಕೆ ಬಂತೆಂದರೆ, ನಮ್ಮ ಸರ್ಕಲ್ಲಿನ ಟೀ ಅಂಗಡಿಯಲ್ಲಿ ಒಬ್ಬ ಹುಡುಗ. ಆಲೂಗೆಡ್ಡೆ ಮಂಡಿಗೆ ಲೋಡು ಹಾಕಿ ಬಂದು ಕೂತಿದ್ದ. ಮೈಮೇಲೆ ಚೆಲ್ಸಿಯ ನೀಲಿ ಜೆರ್ಸಿ, ಮೊಣಕೈವರೆಗೆ ಕೆಮ್ಮಣ್ಣು. ಚೆಲ್ಸಿ ಮೊದಲ ಲೀಗ್ ಗೆದ್ದದ್ದು 1955ರಲ್ಲಿ ಎಂದು ಪಕ್ಕದವನಿಗೆ ಬೆಂಚು ಬಡಿದು ಹೇಳುತ್ತಿದ್ದ. ‘ಸರಿ ಕಣಪ್ಪ, ಆದರೆ ಆ ಮೈದಾನದಲ್ಲಿ ಮೊದಲು ಲೀಗ್ ಗೆದ್ದವರು ಫುಟ್‌ಬಾಲಿನವರಲ್ಲ, ಬ್ರೇಕಿಲ್ಲದ ಬೈಕಿನವರು, 1929ರಲ್ಲಿ’ ಅಂದೆ. ‘ಸುಮ್ನಿರಿ ಮೇಷ್ಟ್ರೇ, ನಿಮಗೆ ಬೆಳಿಗ್ಗೆಯಿಂದ ಯಾರೂ ಸಿಕ್ಕಿಲ್ಲ ಅನ್ಸುತ್ತೆ’ ಅಂದ. ಮಹಾಶಯರೇ, ನಿಮ್ಮ ಚಾಂಪಿಯನ್ ಪಟ್ಟದ ಇವತ್ತಿನ ಮಾರುಕಟ್ಟೆ ಬೆಲೆ ಇಷ್ಟು. ಆದ್ದರಿಂದ ಈ ಪತ್ರವನ್ನು ನಿಮಗೆ ಬರೆಯುತ್ತಿದ್ದರೂ ಅವನಂಥವರು ಓದಲಿ ಎಂದು ಬಹಿರಂಗವಾಗಿಯೇ ಬರೆಯುತ್ತಿದ್ದೇನೆ.

ನಿಮ್ಮ ಈ ಬ್ರೇಕಿಲ್ಲದ ಬೈಕಿನ ಆಟದ ಹುಟ್ಟು ನಮಗೆ ಅಪರಿಚಿತವೇನಲ್ಲ. 1923ರ ಡಿಸೆಂಬರ್ 15ರಂದು ಆಸ್ಟ್ರೇಲಿಯಾದ ವೆಸ್ಟ್ ಮೇಟ್‌ಲ್ಯಾಂಡ್ ಎಂಬ ಊರಿನಲ್ಲಿ, ದನ ಕುದುರೆಗಳ ಪ್ರದರ್ಶನ ನಡೆಯುವ ಕೃಷಿ ಮೇಳದ ಅಂಗಳದಲ್ಲಿ ಇದು ಶುರುವಾಯಿತೆಂದು ಚರಿತ್ರೆ. ಮೇಳದ ಕಾರ್ಯದರ್ಶಿ ಜಾನಿ ಹಾಸ್ಕಿನ್ಸ್‌ಗೆ ಜನ ಸೇರಿಸಬೇಕಿತ್ತು, ಗೇಟಿನ ದುಡ್ಡು ಹೆಚ್ಚಬೇಕಿತ್ತು. ದನ ತಿರುಗುವ ಕಟ್ಟೆಯೊಳಗೆ ಮೋಟಾರ್ ಸೈಕಲ್ ಬಿಟ್ಟ. ಅಷ್ಟೇ. ಚನ್ನರಾಯಪಟ್ಟಣ ತಾಲ್ಲೂಕಿನ ಬೂಕನಬೆಟ್ಟದ ದನದ ಜಾತ್ರೆಗೆ ಹೋದವರಿಗೆ ಇದರಲ್ಲಿ ಆಶ್ಚರ್ಯವೇನೂ ಇಲ್ಲ. ಜೋಡಿ ಎತ್ತಿನ ವ್ಯಾಪಾರ ಒಂದು ಕಡೆ ನಡೆಯುತ್ತಿದ್ದರೆ, ಜನ ಇರುವಲ್ಲಿ ಇನ್ನೇನನ್ನಾದರೂ ತಿರುಗಿಸಿ ಕಾಸು ಮಾಡುವವನು ಇನ್ನೊಂದು ಕಡೆ ಇದ್ದೇ ಇರುತ್ತಾನೆ. ನಮ್ಮ ಜಾತ್ರೆಗಳಲ್ಲಿ ಬೈಕು ನೆಲದ ಮೇಲೆ ಓಡಲಿಲ್ಲ, ಹಲಗೆ ಜೋಡಿಸಿದ ಮರಣಬಾವಿಯ ಗೋಡೆ ಹತ್ತಿತು. ಮೇಲಿನ ಕಟಾಂಜನದಿಂದ ಬಗ್ಗಿ ಹತ್ತು ರೂಪಾಯಿ ನೋಟು ಚಾಚಿದರೆ, ಸವಾರ ಎರಡೂ ಕೈ ಬಿಟ್ಟು ಸುತ್ತುತ್ತಾ ಬಂದು ಬೆರಳ ತುದಿಯಿಂದ ನೋಟು ಕಿತ್ತುಕೊಂಡು ಹೋಗುತ್ತಾನೆ. ಹಲಗೆ ಗಡಗಡ ಅಲ್ಲಾಡುತ್ತದೆ, ಸುಟ್ಟ ಎಣ್ಣೆಯ ಹೊಗೆ ಮೂಗಿಗೆ ಬಡಿಯುತ್ತದೆ, ಕೆಳಗೆ ಇನ್ನೊಬ್ಬ ಮೈಕಿನಲ್ಲಿ ಮುಂದಿನ ಆಟಕ್ಕೆ ಟಿಕೆಟ್ ಮಾರುತ್ತಿರುತ್ತಾನೆ. ನಿಮ್ಮ ಇಂಗ್ಲೆಂಡಿನಲ್ಲೂ ಈ ಬಾವಿ 1929ರಲ್ಲೇ ಬಂತಂತೆ. ಆ ವರ್ಷ ನಿಮ್ಮ ಜನಕ್ಕೆ ಬೈಕು ಮತ್ತು ಸಾವು ಎರಡನ್ನೂ ಒಟ್ಟಿಗೆ ನೋಡುವ ಹುಕಿ ಬಂದಿತ್ತೆಂದು ಕಾಣುತ್ತದೆ.

ಆಸ್ಟ್ರೇಲಿಯಾದಿಂದ ಆಟ ನಿಮ್ಮ ದೇಶಕ್ಕೆ ಬಂದಿಳಿದ ಕಥೆಯಂತೂ ನಮ್ಮ ಕಡೆಯ ಯಾವ ಸಮಾವೇಶಕ್ಕೂ ಕಡಿಮೆಯಿಲ್ಲ. 1928ರ ಫೆಬ್ರವರಿ 19, ಭಾನುವಾರ. ಲಂಡನ್ ಹೊರಗಿನ ಎಪಿಂಗ್ ಕಾಡಿನ ಹೈ ಬೀಚ್‌ನಲ್ಲಿ, ಒಂದು ಹೋಟೆಲಿನ ಹಿತ್ತಲಿನ ಟ್ರ್ಯಾಕಿನಲ್ಲಿ ಸ್ಥಳೀಯ ಬೈಕ್ ಕ್ಲಬ್ಬೊಂದು ಆಟ ಏರ್ಪಡಿಸಿತು. ಬರಬಹುದೆಂದುಕೊಂಡಿದ್ದು ಕೆಲವು ಸಾವಿರ ಜನ. ಬಂದವರು ಮೂವತ್ತು ಸಾವಿರದ ಆಸುಪಾಸು ಎಂದು ಅಂದಾಜು. ಮರ ಹತ್ತಿದರು, ಟ್ರ್ಯಾಕಿನ ಒಳಗಡೆಯೂ ನಿಂತರು, ಬೈಕು ಹೋದಾಗ ಹಿಂದೆ ಸರಿದು, ಹೋದ ಮೇಲೆ ಮತ್ತೆ ಮುಂದೆ ಬಂದರು. ಅಲ್ಲಿಂದ ಮುಂದಿನ ಕೆಲವೇ ತಿಂಗಳಲ್ಲಿ ಇಂಗ್ಲೆಂಡಿನ ಊರೂರಲ್ಲಿ ಡರ್ಟ್ ಟ್ರ್ಯಾಕ್ ಎದ್ದವು. ಖಾಲಿ ಮೈದಾನ ಇದ್ದವನೆಲ್ಲ ಬೂದಿ ಕಿಟ್ಟ ಸುರಿಸಿ ಗೇಟು ಕಟ್ಟಿದ. ಬ್ರಿಸ್ಬೇನಿನಿಂದ ಎ.ಜೆ. ಹಂಟಿಂಗ್ ಎಂಬ ವ್ಯಾಪಾರಸ್ಥ ಆಸ್ಟ್ರೇಲಿಯಾದ ಸವಾರರ ದಂಡನ್ನೇ ಹಡಗಿನಲ್ಲಿ ಕರೆತಂದ. ಹೀಗೆ ಬೈಕಿಗೆ ತೆರೆದುಕೊಂಡ ಮೈದಾನಗಳಲ್ಲಿ ನಿಮ್ಮ ಸ್ಟ್ಯಾಮ್‌ಫರ್ಡ್ ಬ್ರಿಡ್ಜೂ ಒಂದು. 1928ರಲ್ಲಿ ಒಬ್ಬೊಬ್ಬರ ಆಟ, 1929ರಲ್ಲಿ ತಂಡ, ಲೀಗ್.

ಇಲ್ಲಿ ಆ ಮೈದಾನದ ಜಾತಕವನ್ನು ಸ್ವಲ್ಪ ಬಿಡಿಸಬೇಕು. 1877ರಲ್ಲಿ ಅದು ಓಟಗಾರರ ಮೈದಾನವಾಗಿ ಶುರುವಾಯಿತು. 1904ರಲ್ಲಿ ಗಸ್ ಮಿಯರ್ಸ್ ಮತ್ತು ಅವರ ಸಹೋದರ ಜಾಗ ಕೊಂಡು, ಪಕ್ಕದ ಫುಲಮ್ ಫುಟ್‌ಬಾಲ್ ಕ್ಲಬ್ಬಿಗೆ ಬಾಡಿಗೆಗೆ ಬನ್ನಿ ಎಂದರು. ಬಾಡಿಗೆ ಕೇಳಿ ಫುಲಮ್‌ನವರು ಬೇಡ ಎಂದರು. ಕಟ್ಟಿಸಿದ ಅಂಗಡಿ ಮಳಿಗೆ ಖಾಲಿ ಬಿದ್ದಾಗ ಮಾಲೀಕ ತಾನೇ ಒಂದು ವ್ಯಾಪಾರ ಇಡುತ್ತಾನಲ್ಲ, ಹಾಗೆ 1905ರಲ್ಲಿ ಅವರೇ ಚೆಲ್ಸಿ ಎಂಬ ಕ್ಲಬ್ಬು ಹುಟ್ಟುಹಾಕಿದರು. ಅಂದರೆ ಆ ಊರಿನಲ್ಲಿ ಮೊದಲು ಹುಟ್ಟಿದ್ದು ಮೈದಾನ, ಆಮೇಲೆ ತಂಡ. 1920ರಿಂದ 1922ರವರೆಗೆ ಎಫ್‌ಎ ಕಪ್ ಫೈನಲ್ಲೂ ಅಲ್ಲೇ ನಡೆಯಿತು, ವೆಂಬ್ಲಿ ಎದ್ದ ಮೇಲೆ ಅದೂ ಹೋಯಿತು. ಓಟಗಾರರು, ಕಪ್ಪು, ನೀವು, ಎಲ್ಲರೂ ಬಂದು ಹೋದವರೇ. ಜಾಗದ ಮಾಲೀಕ ಮಾತ್ರ ಎಲ್ಲಿಗೂ ಹೋಗಲಿಲ್ಲ. ಈ ಒಂದು ಸಂಗತಿ ನಿಮಗೆ 1929ರಲ್ಲೇ ಹೊಳೆದಿದ್ದರೆ ಗೆಲ್ಲಲು ಅಷ್ಟು ಕಷ್ಟಪಡುತ್ತಿರಲಿಲ್ಲ.

ಆದರೂ ಗೆದ್ದಿರಿ. ದಕ್ಷಿಣದ ತಂಡಗಳಿಗೆಂದು ಆ ವರ್ಷ ಶುರುವಾದ ಸದರ್ನ್ ಲೀಗಿನ ಮೊಟ್ಟಮೊದಲ ಚಾಂಪಿಯನ್ನರು ನೀವೇ. ವೆಂಬ್ಲಿ, ವಿಂಬಲ್ಡನ್, ಕ್ರಿಸ್ಟಲ್ ಪ್ಯಾಲೆಸ್, ವೆಸ್ಟ್ ಹ್ಯಾಮ್, ಹ್ಯಾರಿಂಗೇ, ಸೌತಾಂಪ್ಟನ್, ಕಾವೆಂಟ್ರಿ ಎಲ್ಲರನ್ನೂ ಹಿಂದೆ ಹಾಕಿ. ಹೇಗೆ ಗೆದ್ದಿರಿ ಎಂಬುದನ್ನು ನಮ್ಮವರಿಗೆ ತಿಳಿಯುವಂತೆ ಹೇಳುತ್ತೇನೆ, ತಪ್ಪಿದ್ದರೆ ಸವಾರರು ತಿದ್ದಬೇಕು. ಒಂದು ಪಂದ್ಯಕ್ಕೆ ಅನೇಕ ಸುತ್ತುಗಳು. ಪ್ರತಿ ಸುತ್ತಿಗೂ ನಾಲ್ಕು ಜನ, ಈ ತಂಡದ ಇಬ್ಬರು, ಆ ತಂಡದ ಇಬ್ಬರು. ನಾಲ್ಕು ಸಲ ಮೈದಾನ ಸುತ್ತಬೇಕು, ಯಾವಾಗಲೂ ಎಡಕ್ಕೇ ತಿರುಗುತ್ತಾ. ಬೈಕಿಗೆ ಬ್ರೇಕಿಲ್ಲ. ಮುಂದೂ ಇಲ್ಲ, ಹಿಂದೂ ಇಲ್ಲ. ತಿರುವು ಬಂದಾಗ ನಾವೆಲ್ಲ ಆಕ್ಸಿಲರೇಟರ್ ಬಿಡುತ್ತೇವೆ, ನೀವು ತಿರುವುತ್ತೀರಿ. ಹಿಂದಿನ ಗಾಲಿ ಹಿಡಿತ ಬಿಟ್ಟು ಬಲಕ್ಕೆ ಜಾರುತ್ತದೆ, ಮುಂದಿನ ಗಾಲಿಯನ್ನು ತಿರುವಿನ ವಿರುದ್ಧ ದಿಕ್ಕಿಗೆ ತಿರುಗಿಸಿ ಹಿಡಿಯುತ್ತೀರಿ, ಕಬ್ಬಿಣದ ಅಡಿ ಹಾಕಿದ ಎಡಗಾಲಿನ ಬೂಟು ನೆಲದಲ್ಲಿ ಉಜ್ಜುತ್ತಾ ಹೋಗುತ್ತದೆ. ಬೈಕು ಅಡ್ಡಡ್ಡವಾಗಿ ಹೋಗುತ್ತಲೇ ಮುಂದಕ್ಕೂ ಹೋಗುತ್ತದೆ. ಜಾರುವ ಗಾಲಿಯೇ ವೇಗವನ್ನು ಬೇಕಾದಷ್ಟು ಕೊಲ್ಲುತ್ತದೆ, ಆದ್ದರಿಂದ ಬ್ರೇಕು ಬೇಕಿಲ್ಲ. ಬೇಕಿಲ್ಲ ಮಾತ್ರವಲ್ಲ, ಇದ್ದರೇ ಅಪಾಯ. ಮುಂದಿನವನು ಹಠಾತ್ತನೆ ಬ್ರೇಕ್ ಹಾಕಿದರೆ ಹಿಂದಿನ ಮೂವರೂ ಅವನ ಮೇಲೇ. ಈ ತರ್ಕವನ್ನು ಹಾಸನ–ಮೈಸೂರು ರಸ್ತೆಯ ನಮ್ಮ ಖಾಸಗಿ ಬಸ್ಸಿನ ಚಾಲಕರು ಯಾವ ಲೀಗಿಗೂ ಸೇರದೆ ಸ್ವತಂತ್ರವಾಗಿ ಕಂಡುಕೊಂಡಿದ್ದಾರೆ.

ನಿಮ್ಮಲ್ಲಿ ಕೆಲವರ ಹೆಸರು ಹಿಡಿದು ಕರೆಯಲೇಬೇಕು. ಫ್ರಾಂಕ್ ಆರ್ಥರ್ ಅವರೇ, ತಾವು ಆಸ್ಟ್ರೇಲಿಯಾದವರು. 1929ರಲ್ಲಿ ಲಂಡನ್ನಿನ ಒಂದು ಪತ್ರಿಕೆ ಸ್ಟಾರ್ ಚಾಂಪಿಯನ್‌ಷಿಪ್ ಏರ್ಪಡಿಸಿದಾಗ, ಹೊರದೇಶದವರು ವಿಪರೀತ ಪಳಗಿದವರು, ನಮ್ಮ ಹುಡುಗರಿಗೆ ಅನ್ಯಾಯವಾಗುತ್ತದೆ ಎಂದು ಎರಡು ವಿಭಾಗ ಮಾಡಿದರು. ಹೊರಗಿನವರದು ಬೇರೆ, ಒಳಗಿನವರದು ಬೇರೆ. ಹೊರಗಿನವರಲ್ಲಿ ತಾವು ಗೆದ್ದಿರಿ, ಒಳಗಿನವರಲ್ಲಿ ಕ್ರಿಸ್ಟಲ್ ಪ್ಯಾಲೆಸಿನ ರೋಜರ್ ಫ್ರಾಗ್ಲಿ. ಆಗ ಭೂಮಿಯ ಕಾಲು ಭಾಗವನ್ನು ಆಳುತ್ತಿದ್ದ ದೊರೆಗಳು ಮೋಟಾರ್ ಸೈಕಲ್ಲಿನ ವಿಷಯಕ್ಕೆ ಬಂದಾಗ ಮೀಸಲಾತಿ ಕೇಳಿ ಪಡೆದ ಈ ಸಂಗತಿಯನ್ನು ನಮ್ಮ ಇತಿಹಾಸದ ಪಾಠಗಳಲ್ಲಿ ಸೇರಿಸಲಿಲ್ಲವಲ್ಲ ಎಂದು ನನಗೆ ಇವತ್ತಿಗೂ ಕೊರಗು. ಪಾಠ ಮಾಡಲು ಎಷ್ಟು ಚೆನ್ನಾಗಿರುತ್ತಿತ್ತು. ಗಸ್ ಕೂನ್ ಅವರೇ, ತಾವು ಮಾತ್ರ ಜಾಣರು. ಆಟ ಸಾಕಾದೀತೆಂದು ಗೊತ್ತಿದ್ದವರ ಹಾಗೆ ಲಂಡನ್ನಿನಲ್ಲಿ ಬೈಕಿನ ಅಂಗಡಿ ಇಟ್ಟಿರಿ. ತಾವು ತೀರಿಕೊಂಡ ಮೇಲೂ ಆ ಅಂಗಡಿ ತಮ್ಮ ಹೆಸರಿನಲ್ಲಿ ನಾರ್ಟನ್ ಬೈಕುಗಳ ರೇಸ್ ತಂಡ ನಡೆಸಿತು. ನಿಮ್ಮ ಇಡೀ ತಂಡದಲ್ಲಿ ನಿಜವಾದ ಪೆನ್ಷನ್ ವ್ಯವಸ್ಥೆ ಮಾಡಿಕೊಂಡವರು ತಾವೊಬ್ಬರೇ ಎಂದು ನನ್ನ ಅಭಿಪ್ರಾಯ.

ಹೆಂಗಸರ ಮಾತು ಎತ್ತಿದರೆ ನಿಮಗೆ ಮುಜುಗರವಾಗಬಹುದು, ಆದರೂ ಎತ್ತುತ್ತೇನೆ. ಐರ್ಲೆಂಡಿನ ಫೇ ಟೇಲರ್ ಎಂಬಾಕೆ 1928ರಲ್ಲೇ ಈ ಕಣಕ್ಕೆ ಇಳಿದು, ಆಸ್ಟ್ರೇಲಿಯಾ ನ್ಯೂಜಿಲೆಂಡ್‌ಗೂ ಹೋಗಿ ಗಂಡಸರನ್ನು ಸೋಲಿಸಿ ಬಂದಳು. ಈವಾ ಆಸ್ಕ್ವಿತ್ ಎಂಬ ಇನ್ನೊಬ್ಬಳಿದ್ದಳು. 1930ಕ್ಕೆ ಹೆಂಗಸರಿಗೆ ನಿಷೇಧ ಬಿತ್ತು. ಕಾರಣ ಅವರ ಸುರಕ್ಷತೆಯಂತೆ. ಬ್ರೇಕಿಲ್ಲದ ಬೈಕಿನ ಮೇಲೆ ಬೂದಿಯಲ್ಲಿ ಜಾರುವ ಗಂಡಸರ ಸುರಕ್ಷತೆಗೆ ಯಾವ ತೊಂದರೆಯೂ ಇರಲಿಲ್ಲವೆಂದು ಇದರಿಂದ ತಿಳಿದು ಸಂತೋಷವಾಯಿತು. ಫೇ ಟೇಲರ್ ಸುಮ್ಮನೆ ಕಾರ್ ರೇಸಿಗೆ ಹೋದಳು.

ಇನ್ನು ವಾಲ್ ಫಿಲಿಪ್ಸ್ ಅವರೇ, ತಮ್ಮ ಬಳಿ ನನಗೆ ಸ್ವಂತ ವ್ಯವಹಾರ ಇದೆ. ತಮ್ಮ ತಂಡ ಶುರುವಾದಾಗ ಬ್ರಿಸ್ಟಲ್‌ನ ಡಗ್ಲಸ್, ರಡ್ಜ್ ಇತ್ಯಾದಿ ಬೈಕುಗಳದೇ ಕಾರುಬಾರು. 1930ರಲ್ಲಿ ಜೆಎಪಿ ಕಂಪನಿ ಈ ಆಟಕ್ಕೆಂದೇ 500 ಸಿಸಿಯ ಒಂದು ಎಂಜಿನ್ ತಂದಿತು. ಅದನ್ನು ತಿದ್ದಿ ತೀಡಿ ಟ್ರ್ಯಾಕಿಗೆ ಇಳಿಸಿದವರಲ್ಲಿ ತಾವು ಮುಖ್ಯರು. ಬಂದ ಕೆಲವೇ ದಿನಗಳಲ್ಲಿ ಅದು ಉಳಿದವನ್ನೆಲ್ಲ ಮೂಲೆಗೆ ತಳ್ಳಿತು. ತಂಡ 1932ಕ್ಕೆ ಮಣ್ಣಾದರೂ ಆ ಎಂಜಿನ್ ಮೂವತ್ತು ವರ್ಷ ಜಗತ್ತಿನ ಟ್ರ್ಯಾಕುಗಳನ್ನು ಆಳಿತು. ಕೊನೆಗೆ ಅದನ್ನು ಕೆಳಗಿಳಿಸಿದ್ದು ಚೆಕೊಸ್ಲೊವಾಕಿಯಾದ ದಿವಿಶೋವ್ ಎಂಬ ಸಣ್ಣ ಊರಿನಲ್ಲಿ ಯಾರೊಸ್ಲಾವ್ ಸಿಮಂಡ್ಲ್ ಕಟ್ಟಿದ ಇಸೊ ಬೈಕು. 1964ರಲ್ಲಿ ಇಸೊ ಕಾರ್ಖಾನೆ ಜಾವಾಕ್ಕೆ ಸೇರಿತು. 1971ರಲ್ಲಿ ಡೆನ್ಮಾರ್ಕಿನ ಓಲೆ ಓಲ್ಸೆನ್ ಜಾವಾದ ಮೇಲೆ ಕೂತು ವಿಶ್ವ ಚಾಂಪಿಯನ್ ಆದರು. ಆ ಜಾವಾ ಕಂಪನಿಯನ್ನು ಫ್ರಾಂಟಿಶೆಕ್ ಯಾನೆಚೆಕ್ ಪ್ರಾಗ್‌ನಲ್ಲಿ ಶುರುಮಾಡಿದ್ದು ಯಾವಾಗ ಗೊತ್ತೇ? 1929ರಲ್ಲಿ, ನೀವು ಲೀಗ್ ಗೆದ್ದ ವರ್ಷವೇ.

ಈಗ ನಮ್ಮ ಮನೆ ಹಟ್ಟಿಗೆ ಬನ್ನಿ. ಗೊಬ್ಬರದ ಚೀಲಗಳ ಹಿಂದೆ, ಹಳೇ ಸೀರೆ ಹೊದ್ದು ನಿಂತಿರುವುದು 250 ಸಿಸಿಯ ಮೈಸೂರು ಜಾವಾ. ಎಡಗಡೆ ಒಂದೇ ಲಿವರು. ಅದನ್ನು ಒಳಕ್ಕೊತ್ತಿ ಮೇಲಕ್ಕೆ ತಿರುಗಿಸಿದರೆ ಕಿಕ್ಕರು, ವಾಪಸು ಇಳಿಸಿದರೆ ಗೇರು. ಈ ಗುಟ್ಟು ಗೊತ್ತಿಲ್ಲದವನು ಬೈಕು ಕದ್ದರೂ ಸ್ಟಾರ್ಟ್ ಮಾಡಲಾರ. ಸುತ್ತಮುತ್ತ ಹುಡುಕಿ, ಕಿಕ್ಕರೇ ಇಲ್ಲದ ಬೈಕೆಂದು ಬಿಟ್ಟು ಹೋಗುತ್ತಾನೆ. ಪೆಟ್ರೋಲಿಗೆ ಎಣ್ಣೆ ಬೆರೆಸಿ ಹುಯ್ಯಬೇಕು, ಎರಡು ಸೈಲೆನ್ಸರಿನಿಂದಲೂ ಹೊಗೆ ಸಮಸಮ ಬರಬೇಕು. ಒಂದರಲ್ಲಿ ಕಡಿಮೆಯಾದರೆ ಮೆಕ್ಯಾನಿಕ್ ಅದನ್ನು ಬಿಚ್ಚಿ, ಬೆಂಕಿ ಹಾಕಿ, ಮಸಿ ಉದುರಿಸಿ ಕೊಡುತ್ತಿದ್ದ. ನಿಮ್ಮ ಟ್ರ್ಯಾಕಿನ ಜಾವಾ ಬೇರೆ ಜಾತಿಯದು, ಫೋರ್ ಸ್ಟ್ರೋಕ್, ಮೆಥನಾಲ್ ಕುಡಿಯುವಂಥದು. ನಮ್ಮದು ಹಾಲಿನ ಕ್ಯಾನು ಹೊತ್ತದ್ದು, ಅರಕಲಗೂಡಿನ ಹೊಗೆಸೊಪ್ಪಿನ ಹರಾಜಿಗೆ ಇಬ್ಬರನ್ನು ಹೊತ್ತದ್ದು, ರಾಮನಾಥಪುರದ ಷಷ್ಠಿ ಜಾತ್ರೆಗೆ ಒಂದು ಸಂಸಾರವನ್ನೇ ಹೊತ್ತದ್ದು. ಆದರೂ ಟ್ಯಾಂಕಿನ ಮೇಲಿನ ಹೆಸರು ಒಂದೇ. ತಮ್ಮ ಎಂಜಿನನ್ನು ಮನೆಗೆ ಕಳಿಸಿದವರ ದಾಯಾದಿ ನಮ್ಮ ಹಟ್ಟಿಯಲ್ಲಿದೆ. ಆದ್ದರಿಂದ ವಾಲ್ ಫಿಲಿಪ್ಸ್ ಅವರೇ, ನಮ್ಮಿಬ್ಬರದು ಒಂದು ಬಗೆಯ ಬೀಗತನ. ಬೀಗರಲ್ಲಿ ಇರಬೇಕಾದ ಅಸಮಾಧಾನವೂ ಇದೆ.

ಮೈಸೂರು ಜಾವಾದ ಕಥೆಯನ್ನೂ ಹೇಳಿಬಿಡುತ್ತೇನೆ, ನಿಮಗೆ ಸಮಾಧಾನವಾಗಲಿ. ಇರಾನಿ ಮನೆತನದವರು 1960ರಲ್ಲಿ ಐಡಿಯಲ್ ಜಾವಾ ಕಂಪನಿ ಕಟ್ಟಿ, ಮೈಸೂರಿನ ಯಾದವಗಿರಿಯಲ್ಲಿ ಕಾರ್ಖಾನೆ ತೆರೆದರು. ಉದ್ಘಾಟಿಸಿದವರು ಜಯಚಾಮರಾಜೇಂದ್ರ ಒಡೆಯರ್. 1970ರ ದಶಕದಲ್ಲಿ ಹೆಸರು ಯೆಜ್ಡಿಯಾಯಿತು. ಜಾಹೀರಾತಿನಲ್ಲಿ ‘ಫಾರೆವರ್ ಬೈಕ್, ಫಾರೆವರ್ ವ್ಯಾಲ್ಯೂ’ ಎಂದು ಹಾಕಿಕೊಂಡರು. ಆ ಫಾರೆವರ್ 1996ರಲ್ಲಿ ಮುಗಿಯಿತು. ಹೊಗೆಯ ಕಾನೂನು ಬಿಗಿಯಾಯಿತು, ಜಪಾನಿನವರ ಜೊತೆ ಸೇರಿ ಬಂದ ಹಗುರ ಬೈಕುಗಳು ಕಡಿಮೆ ಎಣ್ಣೆಯಲ್ಲಿ ಹೆಚ್ಚು ದೂರ ಓಡಿದವು, ಸಾಲ ಬೆಳೆಯಿತು, ಬಾಗಿಲು ಬಿತ್ತು. ಹೆಸರು ಮಾತ್ರ ಸಾಯಲಿಲ್ಲ. 2018ರಲ್ಲಿ ಜಾವಾವನ್ನೂ 2022ರಲ್ಲಿ ಯೆಜ್ಡಿಯನ್ನೂ ಬೇರೆ ಕಂಪನಿಯೊಂದು ಮತ್ತೆ ರಸ್ತೆಗಿಳಿಸಿತು. ಪ್ರತಿ ಜುಲೈ ಎರಡನೇ ಭಾನುವಾರ ಹಳೇ ಗಾಡಿಯವರೆಲ್ಲ ಜಾವಾ ದಿನ ಮಾಡುತ್ತಾರೆ. ನೋಡಿ, ಬಾಗಿಲು ಹಾಕಿದ ಕಾರ್ಖಾನೆಗೂ ವರ್ಷಕ್ಕೊಂದು ತಿಥಿ ಮಾಡುವ ಜನ ನಾವು. ನಿಮಗೆ ಅದೂ ಇಲ್ಲ.

ನಿಮ್ಮ ಬಾಗಿಲು ಯಾಕೆ ಬಿತ್ತು? ನೀವು ಸೋತಿರಿ ಅಂತಲ್ಲ. 1930ರ ಆಜುಬಾಜಿನಲ್ಲಿ ಜಗತ್ತಿಗೆಲ್ಲ ದುಡ್ಡಿನ ಬರ, ಕೆಲಸ ಕಳೆದುಕೊಂಡವನು ಟಿಕೆಟ್ ಕೊಳ್ಳುವುದೆಲ್ಲಿ ಬಂತು. ಟ್ರ್ಯಾಕುಗಳು ಒಂದೊಂದೇ ಮುಚ್ಚಿ, 1932ರ ಹೊತ್ತಿಗೆ ಉತ್ತರ ದಕ್ಷಿಣದ ಲೀಗುಗಳೆರಡೂ ಹೋಗಿ ಉಳಿದವರೆಲ್ಲ ಒಂದೇ ನ್ಯಾಷನಲ್ ಲೀಗಿನಲ್ಲಿ ಆಡಿದರು. ಆ ಲೀಗಿನಲ್ಲಿ ನೀವೂ ಇದ್ದಿರಿ, ಆ ವರ್ಷದ ಕೊನೆಗೆ ಇಲ್ಲವಾದಿರಿ. ಮುಂದೆ ಅದೇ ಮೈದಾನಕ್ಕೆ ಬೇಟೆನಾಯಿಗಳ ಓಟ ಬಂತು, 1968ರವರೆಗೆ ನಡೆಯಿತು. ಇದಕ್ಕಾಗಿ ನಾನು ಮೈದಾನದವರನ್ನು ಮನಸಾರೆ ಅಭಿನಂದಿಸುತ್ತೇನೆ. ಕಣದಲ್ಲಿ ನಾಯಿಯನ್ನು ಬಿಟ್ಟರೆ ಎಷ್ಟು ಅನುಕೂಲ! ಸವಾರನ ಹಾಗೆ ಸಂಬಳ ಕೇಳುವುದಿಲ್ಲ, ಆಸ್ಟ್ರೇಲಿಯಾಕ್ಕೆ ಹಡಗಿನ ಟಿಕೆಟ್ ಕೇಳುವುದಿಲ್ಲ, ಮೂಳೆ ಮುರಿದರೆ ಪತ್ರಿಕೆಗೆ ಹೇಳುವುದಿಲ್ಲ. ಮುಂದೆ ಓಡುವ ಮೊಲ ಬೊಂಬೆಯೆಂದು ವರ್ಷಗಟ್ಟಲೆ ಗೊತ್ತಾಗದೆ ಓಡುತ್ತದೆ. ಎಲ್ಲಕ್ಕಿಂತ ಹೆಚ್ಚಾಗಿ, ಜನ ನಾಯಿಯ ಮೇಲೆ ಬಾಜಿ ಕಟ್ಟುತ್ತಾರೆ. ಗೇಟಿನ ದುಡ್ಡು ಒಂದು ಸಲದ್ದು, ಬಾಜಿಯ ದುಡ್ಡು ಪ್ರತಿ ಓಟಕ್ಕೂ ಬರುತ್ತದೆ. ಚಾಂಪಿಯನ್ ತಂಡ ಎನ್ನುವುದಕ್ಕೆ ಈ ಲೆಕ್ಕದಲ್ಲಿ ಕಾಲಮ್ಮೇ ಇಲ್ಲ.

ಎಲ್ಲರ ಗತಿ ಹೀಗೇ ಆಗಲಿಲ್ಲ ಎಂಬುದು ನಿಮಗೆ ಇನ್ನಷ್ಟು ನೋವು ಕೊಡಬಹುದು. ನಿಮ್ಮ ಜೊತೆ ಆಡಿದ ವೆಂಬ್ಲಿ 1956ರವರೆಗೆ ಬಂತು. ವಿಂಬಲ್ಡನ್ 1991ರವರೆಗೆ ಎಳೆಯಿತು. ಮ್ಯಾಂಚೆಸ್ಟರಿನ ಬೆಲ್ ವ್ಯೂ 1928ರಲ್ಲಿ ಶುರುವಾದದ್ದು, ಮೈದಾನ ಬದಲಾಯಿಸಿಕೊಂಡು ಈಗಲೂ ಓಡುತ್ತಿದೆ. ಪೋಲೆಂಡಿನಲ್ಲಂತೂ ಈ ಆಟಕ್ಕೆ ಈಗ ಜನಸಾಗರ. ಮೊದಲು ಗೆದ್ದ ನೀವು ಮೊದಲು ಮರೆಯಾದವರ ಸಾಲಿನಲ್ಲಿ. ಗೆಲ್ಲುವುದಕ್ಕೂ ಉಳಿಯುವುದಕ್ಕೂ ಸಂಬಂಧವಿಲ್ಲ ಎಂದು ನಮ್ಮ ಜಿಲ್ಲೆಯ ಯಾವ ಕಬಡ್ಡಿ ತಂಡವನ್ನು ಕೇಳಿದ್ದರೂ ಹೇಳುತ್ತಿದ್ದರು. ಕಪ್ಪು ಗೆದ್ದು ಟ್ರ್ಯಾಕ್ಟರಿನಲ್ಲಿ ಮೆರವಣಿಗೆ ಮಾಡಿಸಿಕೊಂಡ ಹುಡುಗರು ಮಾರನೇ ವರ್ಷ ನೋಡಿದರೆ ಅಂಗಳದಲ್ಲಿ ಸೈಟಿನ ಕಲ್ಲು ನೆಟ್ಟಿರುತ್ತದೆ. ಕಲ್ಲಿಗೆ ಸುಣ್ಣ ಬಳಿದು ನಂಬರು ಹಾಕಿರುತ್ತಾರೆ. ಹುಡುಗರು ಆ ನಂಬರುಗಳ ನಡುವೆಯೇ ಒಂದಷ್ಟು ದಿನ ಆಡುತ್ತಾರೆ, ತಂತಿ ಬೇಲಿ ಬಂದ ಮೇಲೆ ನಿಲ್ಲಿಸುತ್ತಾರೆ.

ಆದ್ದರಿಂದ ನಿಮ್ಮನ್ನು ನಮ್ಮ ಜಿಲ್ಲೆಗೆ ಅಧಿಕೃತವಾಗಿ ಆಹ್ವಾನಿಸಬೇಕೆಂದಿದ್ದೇನೆ. ಅನುಕೂಲಗಳು ಹೀಗಿವೆ. ಟ್ರ್ಯಾಕಿಗೆ ಬೇಕಾದ ಬೂದಿ ಕಿಟ್ಟಕ್ಕೆ ಹೊಳೆನರಸೀಪುರ, ಚನ್ನರಾಯಪಟ್ಟಣದ ಆಲೆಮನೆಗಳ ಒಲೆ ಸಾಲದಿದ್ದರೆ ಶ್ರೀನಿವಾಸಪುರದ ಸಕ್ಕರೆ ಕಾರ್ಖಾನೆ ಇದೆ. ಮಣ್ಣಿನ ಟ್ರ್ಯಾಕು ಬೇರೆ ಮಾಡಿಸುವ ಖರ್ಚಿಲ್ಲ, ಎಷ್ಟೋ ಹಳ್ಳಿಗಳಿಗೆ ಹೋಗುವ ದಾರಿಯನ್ನೇ ಅಂಡಾಕಾರಕ್ಕೆ ಬಗ್ಗಿಸಿಕೊಂಡರೆ ಸಾಕು. ಇನ್ನೂ ದೊಡ್ಡ ಜಾಗ ಬೇಕೆಂದರೆ ಹಾಸನದ ಬೂವನಹಳ್ಳಿಯಲ್ಲಿ 2007ರಲ್ಲಿ ಶಂಕುಸ್ಥಾಪನೆಯಾದ ವಿಮಾನ ನಿಲ್ದಾಣದ ನೆಲ ಇದೆ, ವರ್ಷಾನುಗಟ್ಟಲೆ ವಿಮಾನ ಕಾಣದೆ ಇದ್ದು ತಾಳ್ಮೆ ಕಲಿತಿದೆ. ಸವಾರರ ಕೊರತೆಯೂ ಇಲ್ಲ. ಸಂತೆ ದಿನ ಸಂಜೆ ಬ್ರೇಕು ಹಿಡಿಯದೆ ಎಡಕ್ಕೇ ವಾಲಿಕೊಂಡು ಮನೆ ಮುಟ್ಟುವ ಪ್ರತಿಭೆಗಳು ಪ್ರತಿ ಹೋಬಳಿಯಲ್ಲೂ ಇವೆ. ಅವರಿಗೆ ತರಬೇತಿಯ ಅಗತ್ಯ ಇಲ್ಲ, ಒಂದು ಲೀಗು ಕೊಟ್ಟರೆ ಸಾಕು.

ಒಂದು ಷರತ್ತು ಮಾತ್ರ. ಬರುವಾಗ ಹಿಂದಿನ ತಪ್ಪು ಮಾಡಬೇಡಿ. ಮೊದಲು ಜಾಗದ ಪಹಣಿಯಲ್ಲಿ ನಿಮ್ಮ ಹೆಸರು ಕೂರಿಸಿಕೊಳ್ಳಿ. ಒಂಬತ್ತನೇ ಕಾಲಂ ನೋಡಿ, ಹನ್ನೊಂದನೇ ಕಾಲಮ್ಮಿನಲ್ಲಿ ಯಾರ ಋಣ ಇದೆ ನೋಡಿ, ಪೋಡಿ ಆಗಿದೆಯೇ ನೋಡಿ. ಅದಾದ ಮೇಲೆ ಬೈಕು ಸ್ಟಾರ್ಟ್ ಮಾಡಿ. ಆಟ ಕಲಿಯುವುದು ಒಂದು ಬೇಸಗೆಯ ಕೆಲಸ, ಖಾತೆ ಮಾಡಿಸುವುದು ನಿಮ್ಮ ತಂಡದ ಇಡೀ ಆಯುಸ್ಸಿಗಿಂತ ದೊಡ್ಡ ಕೆಲಸ. ಬೇಕಾದರೆ ನಾನು ಜೊತೆಗೆ ಬರುತ್ತೇನೆ. ಪೆನ್ಷನ್‌ದಾರನಿಗೆ ಕಚೇರಿ ಸುತ್ತುವುದಕ್ಕಿಂತ ಬೇರೆ ಕೆಲಸವೇನಿದೆ.

ಇಂತಿ ತಮ್ಮ ವಿಶ್ವಾಸಿ,
ಹಳ್ಳಿಮೈಸೂರಿನ ಒಬ್ಬ ಪೆನ್ಷನ್‌ದಾರ

ವಿ.ಸೂ.: ಈ ಪತ್ರ ಓದುವ ನೀಲಿ ಜೆರ್ಸಿಯ ಹುಡುಗರು ದಯವಿಟ್ಟು ಬರೆದಿಟ್ಟುಕೊಳ್ಳಿ. ಫುಟ್‌ಬಾಲಿನ ಚೆಲ್ಸಿ ಮೊದಲ ಲೀಗ್ ಗೆದ್ದದ್ದು 1955ರಲ್ಲಿ. ಸ್ಟ್ಯಾಮ್‌ಫರ್ಡ್ ಬ್ರಿಡ್ಜಿನ ಬೈಕಿನವರು ಗೆದ್ದದ್ದು 1929ರಲ್ಲಿ. ಮಧ್ಯೆ ಇರುವುದು 26 ವರ್ಷ.